ನಾಲ್ಕನೇ ಏಟು

ಶೇವಂತೆವ್ವನ ಚೀಲ ಬಾಗಿಲ ಹಿಂದಿನ ಗೂಟಕ್ಕೆ ಯಾವಾಗಲೂ ಸಿದ್ಧವಾಗಿ ತೂಗುತ್ತಿತ್ತು. ಅದರೊಳಗೆ ಎರಡು ಸೀರೆ. ಮುತ್ತೈದೆ ತಾಯಿಗೆ ಕೆಂಪು ಸೆರಗಿನ ಇಳಕಲ್ಲು, ವಿಧವೆ ತಾಯಿಗೆ ತೊಳೆದು ತೊಳೆದು ಬೂದಿಬಣ್ಣಕ್ಕೆ ತಿರುಗಿದ ಇನ್ನೊಂದು. ಜೊತೆಗೆ ಒಂದು ಡಜನ್ ಹಸಿರು ಬಳೆ, ಒಂದು ಸುಳ್ಳು ತಾಳಿ, ಕೂದಲಿಗೆ ಬಳಿದುಕೊಳ್ಳಲು ಬಿಳಿ ಪುಡಿಯ ಡಬ್ಬಿ. ಪುಡಿ ಈಗೀಗ ಬೇಕಾಗುತ್ತಿರಲಿಲ್ಲ. ಐವತ್ತೆಂಟು ತುಂಬಿದ ಮೇಲೆ ಆ ಕೆಲಸವನ್ನು ತಲೆಯೇ ವಹಿಸಿಕೊಂಡಿತ್ತು.

ಬೆಂಗಳೂರಿನಿಂದ ಫೋನು ಬಂತೆಂದರೆ ಅವಳು ಕೇಳುತ್ತಿದ್ದುದು ಒಂದೇ ಮಾತು: "ಗಂಡ ಇದ್ದಾನ, ಸತ್ತಾನ?" ಅದಕ್ಕೆ ಸಿಕ್ಕ ಉತ್ತರದ ಮೇಲೆ ಒಂದು ಸೀರೆ ಚೀಲದ ಮೇಲಕ್ಕೆ ಬರುತ್ತಿತ್ತು, ಇನ್ನೊಂದು ತಳಕ್ಕೆ ಹೋಗುತ್ತಿತ್ತು.

ಹೀಗೆ ಇಪ್ಪತ್ತೇಳು ಸಿನಿಮಾ ಆಗಿದ್ದವು. ಮದುವೆಯಾಗದ, ಹಡೆಯದ ಹೆಂಗಸು ಹತ್ತೊಂಬತ್ತು ಗಂಡುಮಕ್ಕಳಿಗೆ ತಾಯಿಯಾಗಿದ್ದಳು. ಕೋರ್ಟಿನಲ್ಲಿ ಅತ್ತಿದ್ದಳು, ಬಸ್ಸಿನ ಹಿಂದೆ ಓಡಿದ್ದಳು, ಒಂದರಲ್ಲಿ ಬರೀ ಹೊಸ್ತಿಲ ಮೇಲೆ ಕುಳಿತು ಅಕ್ಕಿ ಆರಿಸಿದ್ದಳು. ಆದರೆ ಒಂದರಲ್ಲೂ ಅವಳ ದನಿ ಇರಲಿಲ್ಲ. ಶೂಟಿಂಗಿನಲ್ಲಿ ಅವಳು ಹೇಳಿದ್ದನ್ನೆಲ್ಲ ಆಮೇಲೆ ಅಳಿಸಿ, ಯಾವುದೋ ಸ್ಟುಡಿಯೋದಲ್ಲಿ ಯಾರೋ ಹೆಂಗಸು ಅವಳ ತುಟಿ ನೋಡುತ್ತ ಬೇರೆ ಮಾತು ತುಂಬುತ್ತಿದ್ದಳು. ಮೊದಲ ಸಿನಿಮಾ ಬಂದಾಗ ಹಳೇ ಹುಬ್ಬಳ್ಳಿಯ ಅವಳ ಓಣಿಗೆ ಓಣಿಯೇ ಟಾಕೀಜಿಗೆ ಹೋಗಿತ್ತು. ತೆರೆಯ ಮೇಲಿನ ಶೇವಂತೆವ್ವ ಬಾಯಿ ತೆರೆದು, "ಏನ್ ಮಾಡ್ಲಿ ಮಗನೇ, ನನ್ ಹಣೆಬರಹ ಕಣೋ" ಎಂದಾಗ ಎದುರುಮನೆಯ ಮುದಕವ್ವ ಕತ್ತಲಲ್ಲೇ ಕೂಗಿದ್ದಳು, "ಯವ್ವಾ, ಇಕಿ ಯಾವಾಗ ಮೈಸೂರಾಕಿ ಆದ್ಲ?" ಎಲ್ಲರೂ ನಕ್ಕರು. ಶೇವಂತೆವ್ವನೂ ನಕ್ಕಳು.

ನಗದೆ ಕುಳಿತವರು ಒಬ್ಬರೇ, ಖಾದರಬಾಷಾ ಮಾಸ್ತರರು.

ಇಪ್ಪತ್ತು ವರ್ಷ ಇಬ್ಬರೂ ಒಂದೇ ನಾಟಕ ಕಂಪನಿಯಲ್ಲಿದ್ದವರು. ಅವರು ಹಾರ್ಮೋನಿಯಂ ಪೇಟಿ ಬಾರಿಸುತ್ತಿದ್ದರು, ಅವಳು ಹಾಡಿ ಮಾತಾಡುತ್ತಿದ್ದಳು. ಹದಿನಾಲ್ಕರ ಹುಡುಗಿಯಾಗಿ ಕಂಪನಿಗೆ ಬಂದ ಅವಳಿಗೆ ದನಿ ಕೊಟ್ಟವರೇ ಮಾಸ್ತರರು ಎನ್ನಬೇಕು. ಕರೆಂಟು ಹೋಗಿ ಮೈಕು ಸತ್ತರೂ ಆಟ ನಿಲ್ಲಬಾರದು ಎಂದು ಅವಳನ್ನು ಖಾಲಿ ಟೆಂಟಿನಲ್ಲಿ ನಿಲ್ಲಿಸಿ, ತಾವು ತುದಿಯ ಬೆಂಚಿನ ಮೇಲೆ ಕುಳಿತು, "ಇಲ್ಲೆ ಕುಂತಾವನ ಕಿವ್ಯಾಗ ಹೇಳ್ದಂಗ ಆಗಬೇಕು. ಆದ್ರ ಚೀರಬಾರ್ದು," ಎನ್ನುತ್ತಿದ್ದರು. ಆ ದನಿ ಗಡಸಾಯಿತು, ಅಂಚಿನಲ್ಲಿ ಒಡೆಯಿತು, ಆದರೆ ತುದಿಯ ಬೆಂಚನ್ನು ಮುಟ್ಟಿತು. ಒಂದೇ ಒಂದನ್ನು ಮಾತ್ರ ಅವರು ತಿದ್ದಲಾರದೆ ಹೋದರು. ತಾಳದಲ್ಲಿ ಮೂರು ಏಟು ಸರಿಯಾಗಿ ಹಾಕಿ ನಾಲ್ಕನೆಯದಕ್ಕೆ ಅವಳು ಅವಸರ ಮಾಡುತ್ತಿದ್ದಳು. ಕೂದಲೆಳೆಯಷ್ಟು, ಆದರೆ ಪ್ರತಿ ಸಲ. "ನಾಕನೇದ್ದಕ್ಕ ಯಾಕ ಓಡ್ತಿ? ಅಲ್ಲೇನ್ ಊಟಕ್ಕ ಹಾಕ್ಯಾರೇನ?" ಎಂದು ಎಷ್ಟು ಬೈದರೂ ಆ ಓಟ ನಿಲ್ಲಲಿಲ್ಲ.

ಕಂಪನಿ ಮುಚ್ಚಿತು. ಇಬ್ಬರೂ ಒಂದೇ ಓಣಿಗೆ ಬಂದು ಬಿದ್ದರು. ಅವಳು ಮಹಡಿಯ ಒಂದು ಕೋಣೆಗೆ, ಅವರು ಮೂರು ಮನೆ ಆಚೆ ಮಗ ಸೊಸೆಯ ಮನೆಗೆ. ಒಂಬತ್ತು ವರ್ಷದ ಹಿಂದೆ ಸಕ್ಕರೆ ಕಾಯಿಲೆ ಮಾಸ್ತರರ ಕಣ್ಣು ತೆಗೆದುಕೊಂಡಿತು. ಅದಾದ ಮೇಲೆ ಒಮ್ಮೆ ಅವಳ ಸಿನಿಮಾ ಟಿವಿಯಲ್ಲಿ ಬಂದಾಗ ಸೊಸೆ ಶಾಹೀನ ಅವರನ್ನು ಕರೆದು ಮುಂದೆ ಕೂಡಿಸಿದ್ದಳು. ಪೂರ್ತಿ ಕೇಳಿ, ಕೊನೆಗೆ, "ಶೇವಂತಿ ಎಲ್ಲ್ಯದಾಳವಾ ಇದರಾಗ?" ಎಂದರಂತೆ. ಶಾಹೀನ ಅದನ್ನು ನಗೆಯ ಮಾತಾಗಿ ಹೇಳಿದಳು. ಶೇವಂತೆವ್ವನಿಗೆ ಆ ಮಾತು ಎದೆಯಲ್ಲಿ ಮುಳ್ಳಾಗಿ ಉಳಿಯಿತು. ಈ ಊರಿನಲ್ಲಿ ತನ್ನನ್ನು ಪೂರ್ತಿ ಬಲ್ಲವರು ಒಬ್ಬರೇ. ಅವರ ಪಾಲಿಗೆ ತಾನು ಯಾವ ಸಿನಿಮಾದಲ್ಲೂ ಇಲ್ಲ.

ಹಾಗಾಗಿ ಧಾರವಾಡದ ಲೋಹಿತ ಎಂಬ ಹೊಸ ನಿರ್ದೇಶಕ ಕೋಣೆಯ ಮೆಟ್ಟಿಲು ಹತ್ತಿ ಬಂದು, "ಅಕ್ಕಾರ, ನಮ್ಮ ಸಿನಿಮಾದಾಗ ಡಬ್ಬಿಂಗ್ ಇಲ್ಲರಿ. ಅಲ್ಲೇ ಮೈಕ್ ಹಚ್ಚಿ ರೆಕಾರ್ಡ್ ಮಾಡ್ತೇವಿ. ನಿಮ್ಮ ಮಾತು ನಿಮ್ಮ ದನ್ಯಾಗ," ಎಂದಾಗ ಅವಳು ಗಂಡ ಇದ್ದಾನೋ ಸತ್ತಿದ್ದಾನೋ ಎಂದು ಕೇಳುವುದನ್ನೇ ಮರೆತಳು.

ಆ ಸಂಜೆಯೇ ಮಾಸ್ತರರ ಕಟ್ಟೆಗೆ ಹೋದಳು.

"ಮಾಸ್ತರ, ಈ ಸಲ ನನ್ನ ದನೀನ ಇರತೈತ್ರಿ. ನಿಮ್ಮನ್ನ ಟಾಕೀಜಿಗೆ ಕರ್ಕೊಂಡ ಹೋಗ್ತೇನಿ."

ಮಾಸ್ತರರು ಕೋಲನ್ನು ಮೊಣಕಾಲ ನಡುವೆ ನಿಲ್ಲಿಸಿಕೊಂಡರು. "ಎಷ್ಟ ಮಾತ ಕೊಟ್ಟಾರ?"

"ಅಲ್ಲಲ್ಲಿ ಸಣ್ಣ ಮಾತ ಅದಾವ್ರಿ. ಮೂರ ನಿಮಿಷದ ಒಂದ ಸೀನ್ ಐತ್ರಿ. ಪೂರಾ ನಂದ."

"ಮೂರ ನಿಮಿಷ ಸಾಕು," ಎಂದರು. "ನಿನಗ ಅರ್ಧ ನಿಮಿಷ ಕೊಟ್ಟರೂ ತುದಿ ಬೆಂಚಿನಾವ ಏಳ್ತಿದ್ದ."

ರಾಯಾಪುರದ ಆಚೆಯ ಒಂದು ಹಳೆಯ ಮನೆಯಲ್ಲಿ ಶೂಟಿಂಗು ನಡೆಯಿತು. ದೃಶ್ಯ ಇಷ್ಟೇ. ಆರು ವರ್ಷ ಕಾಣೆಯಾಗಿದ್ದ ಮಗ ಮಧ್ಯಾಹ್ನ ಬಂದು ಬಾಗಿಲಲ್ಲಿ ನಿಲ್ಲುತ್ತಾನೆ. ತಾಯಿ ಒಲೆಯ ಮುಂದೆ ಜೋಳದ ರೊಟ್ಟಿ ಬಡಿಯುತ್ತಿದ್ದಾಳೆ. ತಲೆ ಎತ್ತುವುದಿಲ್ಲ, ಕೈ ನಿಲ್ಲಿಸುವುದಿಲ್ಲ. ಬಡಿಯುತ್ತಲೇ ಹೇಳುತ್ತಾಳೆ:

"ಆರ ವರ್ಷ ಆತು. ದಿನಾ ಎರಡ ರೊಟ್ಟಿ ಹೆಚ್ಚಿಗಿ ಬಡದೇನಿ. ದಿನಾ ಅವನ್ನ ಆಕಳಿಗೆ ಹಾಕೇನಿ. ಆಕಳ ನನ್ನ ಮಾರಿ ನೋಡಿ ತಿಂತಿತ್ತು, ಯಾರ ಪಾಲಿಂದು ಅಂತ ಅದಕ್ಕ ಗೊತ್ತಿತ್ತು. ಇವತ್ತ ಕುಂದ್ರು. ತಿನ್ನು. ಎಲ್ಲಿ ಹೋಗಿದ್ದಿ ಅಂತ ಆಮ್ಯಾಲ ಕೇಳ್ತೇನಿ."

ರೊಟ್ಟಿ ಬಡಿಯುತ್ತ ಮಾತಾಡುವುದು ಸುಲಭವಲ್ಲ. ಏಟು ಬೀಳುವಾಗ ಉಸಿರು ತುಂಡಾಗುತ್ತದೆ; ಮಾತು ಎರಡು ಏಟಿನ ನಡುವಿನ ಜಾಗದಲ್ಲಿ ಜಾರಿ ಬರಬೇಕು. ಶೇವಂತೆವ್ವನಿಗೆ ಅದನ್ನು ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಮುಗಿಸಿ ತಲೆ ಎತ್ತಿದಾಗ ಮೈಕು ಹಿಡಿದಿದ್ದ ಜಾವೀದ ಮುಖ ಆಚೆ ತಿರುಗಿಸಿ ನಿಂತಿದ್ದ. ಲೋಹಿತ ಬಂದು ಅವಳ ಹಿಟ್ಟಿನ ಕೈಯನ್ನೇ ಹಿಡಿದುಕೊಂಡ. ಆವತ್ತು ಮನೆಗೆ ಬರುವಾಗ ಬಸ್ಸಿನಲ್ಲಿ ಅವಳು ಆ ಮಾತುಗಳನ್ನು ಇನ್ನೊಮ್ಮೆ ತುಟಿಯೊಳಗೇ ಹೇಳಿಕೊಂಡಳು.

ಐದು ತಿಂಗಳ ಮೇಲೆ ಲೋಹಿತನ ಫೋನು ಬಂತು. "ಅಕ್ಕಾರ," ಎಂದ.

"ಹೇಳಪಾ."

"ಸಿನಿಮಾ ತಗೊಳ್ಳಾವರು ನೋಡಿದ್ರರಿ. ಎಲ್ಲಾ ಮೆಚ್ಚ್ಯಾರ. ಆದ್ರ... ತಾಯಿ ದನಿ ಭಾಳ ಗಡಸ ಆತಂತ. ತಾಯಿ ಅಂದ್ರ ಇನ್ನಷ್ಟ ಮೆತ್ತಗ ಇರಬೇಕಂತ. ನಾ ಜಗಳಾಡೇನ್ರಿ ಅಕ್ಕಾರ, ಖರೇ ಹೇಳ್ತೇನಿ. ನಡೀಲಿಲ್ಲ."

ಶೇವಂತೆವ್ವ ಗೂಟದ ಚೀಲವನ್ನು ನೋಡುತ್ತ, "ಹೂಂ," ಎಂದಳು.

"ಮೈಸೂರು ಕಡೆಯಾಕಿ ಒಬ್ಬಾಕಿ ಬರಾಕತ್ತಾಳ್ರಿ, ಸೌಂದರ್ಯಾ ಅಂತ. ಧಾರಾವಾಹಿಗೆಲ್ಲಾ ದನಿ ಕೊಡ್ತಾಳ. ಆಕಿಗೆ ನಮ್ಮ ಮಾತ ಬರೂದಿಲ್ಲ. ನೀವು ಒಂದಿನ ವಿದ್ಯಾನಗರದ ಸ್ಟುಡಿಯೋಕ್ಕ ಬಂದು ಆಕಿಗೆ ಸ್ವಲ್ಪ..."

"ಕಲಿಸಬೇಕೇನ?"

"ಹೂಂರಿ ಅಕ್ಕಾರ."

"ಬರ್ತೇನಿ ತಗೋ," ಎಂದಳು. ಇಲ್ಲವೆನ್ನಲು ಅವಳಿಗೆ ಬರುತ್ತಿರಲಿಲ್ಲ. ಕಂಪನಿಯಲ್ಲೂ ಅಷ್ಟೇ; ಬೇರೆ ನಟಿಗೆ ತನ್ನ ಪಾತ್ರ ಹೋದಾಗ ಅವಳೇ ಆ ನಟಿಯ ನಿರಿಗೆ ಹಿಡಿದಿದ್ದಳು.

ಝೆರಾಕ್ಸ್ ಅಂಗಡಿಯ ಮೇಲಿನ ಕೋಣೆ ಅದು. ಗೋಡೆಗೆಲ್ಲ ಕಪ್ಪು ಸ್ಪಂಜು. ಸೌಂದರ್ಯಾ ಒಳ್ಳೆಯ ಹುಡುಗಿ. ಕಂಡಕೂಡಲೇ ಕಾಲು ಮುಟ್ಟಿದಳು. "ಅಮ್ಮಾ, ನಿಮ್ಮ ಕಡೆ ಮಾತು ಎಷ್ಟು ಚೆನ್ನಾಗಿದೆ! ನನಗೆ ಬರೋದೇ ಇಲ್ಲ, ಬೈಕೋಬೇಡಿ," ಎಂದಳು. ಬೈಯಲು ಏನೂ ಸಿಗಲಿಲ್ಲ. ಇಡೀ ಬೆಳಿಗ್ಗೆ ಶೇವಂತೆವ್ವ ಒಂದೊಂದೇ ಸಾಲು ಹೇಳಿದಳು, ಸೌಂದರ್ಯಾ ಹಿಂದಿನಿಂದ ಹೇಳಿದಳು. "ಬಡದೇನಿ. ಬಡಿದಿದ್ದೇನೆ ಅಲ್ಲ ಯವ್ವಾ, ಬಡದೇನಿ." "ಬಡದೇನಿ." "ಆಂ, ಹಂಗ." ಮಧ್ಯಾಹ್ನದ ಹೊತ್ತಿಗೆ ಆ ಹುಡುಗಿಯ ಬೆಣ್ಣೆಯಂಥ ದನಿಯಲ್ಲಿ ಶೇವಂತೆವ್ವನ ಮಾತು ಕೂತುಬಿಟ್ಟಿತು. ತೆರೆಯ ಮೇಲಿನ ತುಟಿಗೂ ಹೊಂದಿತು. ಚೆನ್ನಾಗಿಯೇ ಇತ್ತು. ಅದೇ ಅವಳಿಗೆ ತಡೆಯಲಾಗದ್ದು.

ಆಮೇಲೆ ಜಾವೀದ ತಲೆ ಕೆರೆದುಕೊಂಡ. "ಒಂದ ತ್ರಾಸ ಆಗೇತಿ. ಅಕ್ಕಾರ ಮಾತು, ರೊಟ್ಟಿ ಸಪ್ಪಳ ಎರಡೂ ಒಂದ ಮೈಕಿನ್ಯಾಗ ಬಂದಾವ. ಮಾತ ತಗದ್ರ ಸಪ್ಪಳಾನೂ ಹೋಗತೈತಿ. ರೊಟ್ಟಿ ಹೊಸದಾಗಿ ಬಡೀಬೇಕು." ಅವನು ಹಸಿ ಬಟ್ಟೆ ಬಡಿದು ನೋಡಿದ್ದನಂತೆ, ತನ್ನ ತೊಡೆಯನ್ನೂ ಬಡಿದು ನೋಡಿದ್ದನಂತೆ. "ತೊಡಿ ಕೆಂಪಾತು, ರೊಟ್ಟಿ ಆಗಲಿಲ್ಲ."

ಸೌಂದರ್ಯಾ ನಕ್ಕಳು. ಎಲ್ಲರ ಕಣ್ಣೂ ಶೇವಂತೆವ್ವನ ಕಡೆ ತಿರುಗಿತು.

ಕೆಳಗಿನ ಓಣಿಯ ಖಾನಾವಳಿಯಿಂದ ಜೋಳದ ಹಿಟ್ಟು, ಕಟ್ಟಿಗೆಯ ಮಣೆ, ಒಂದು ತಂಬಿಗೆ ಬಿಸಿನೀರು ಬಂದವು. ಅವಳು ನೆಲದ ಮೇಲೆ ಕುಳಿತು ಹಿಟ್ಟು ನಾದಿದಳು. ಜಾವೀದ ಮೈಕನ್ನು ಅವಳ ಮುಖದಿಂದ ದೂರ, ಕೈಗಳ ಹತ್ತಿರ ಬಗ್ಗಿಸಿ ಇಟ್ಟ. "ಅಕ್ಕಾರ, ಮಾತಾಡಬ್ಯಾಡ್ರಿ ಮತ್ತ. ಉಸಿರೂ ಕೇಳಬಾರ್ದು. ಬಳಿ ತಗೀರಿ."

ಬಳೆ ತೆಗೆದಿಟ್ಟಳು. ಎದುರಿನ ತೆರೆಯಲ್ಲಿ ಆ ದೃಶ್ಯ ಸದ್ದಿಲ್ಲದೆ ಓಡತೊಡಗಿತು. ತೆರೆಯ ಮೇಲಿನ ಶೇವಂತೆವ್ವ ಬಾಯಿ ಆಡಿಸುತ್ತ ಬಡಿದಳು. ನೆಲದ ಮೇಲಿನ ಶೇವಂತೆವ್ವ ಬಾಯಿ ಬಿಗಿದುಕೊಂಡು ಬಡಿದಳು. ಮೂರು ಏಟು, ಆಮೇಲೆ ಒಂದು, ತಿರುವು. ಮೂರು ಏಟು, ಆಮೇಲೆ ಒಂದು, ತಿರುವು. ಮಾತುಗಳು ಗಂಟಲವರೆಗೆ ಬಂದು ಬಂದು ಹಿಂದಕ್ಕೆ ಹೋದವು. ಕೊನೆಯ ಏಟು ಬಿದ್ದ ಮೇಲೆ ಹಿಡಿದಿದ್ದ ಉಸಿರನ್ನು ಬಿಡುವಾಗ ಅವಳ ಭುಜ ಅಲುಗಿತು. "ಓಕೆ ಅಕ್ಕಾರ! ಒಂದ ಟೇಕಿಗೆ!" ಎಂದು ಜಾವೀದ ಚಪ್ಪಾಳೆ ಹೊಡೆದ.

ಬಡಿದ ರೊಟ್ಟಿ ಬೇಯಿಸಲು ಅಲ್ಲಿ ಒಲೆ ಇರಲಿಲ್ಲ. ಮುದ್ದೆ ಮಾಡಿ ಕಾಗದದಲ್ಲಿ ಸುತ್ತಿ ಚೀಲಕ್ಕೆ ಹಾಕಿಕೊಂಡು ಬಂದಳು.

ಮಾಸ್ತರರಿಗೆ ಹೇಳಬೇಕೆಂದು ಮೂರು ಸಲ ಕಟ್ಟೆಯವರೆಗೆ ಹೋದಳು. ಮೊದಲ ಸಲ ಅವರು ನಮಾಜಿಗೆ ಹೋಗಿದ್ದರು. ಎರಡನೇ ಸಲ ಚಹಾದ ಅಂಗಡಿಯವನ ಮುಂದೆ, "ಇಕಿ ದನಿ ಕೇಳಿದ್ರ ನೀ ಚಹಾ ಸೋಸೂದ ಮರೀತಿ ಮಗನ," ಎನ್ನುತ್ತಿದ್ದರು. ಮೂರನೇ ಸಲ ಬಾಯಿ ತೆರೆದಳು, ಅಷ್ಟರಲ್ಲಿ ಶಾಹೀನ ಹೊರಗೆ ಬಂದು, "ಶೇವಂತಕ್ಕಾ, ಅಬ್ಬಾ ಕಪಾಟಿನ್ಯಾಗಿಂದ ಶೇರವಾನಿ ತಗಸಿ ಇಸ್ತ್ರಿ ಮಾಡಿಸ್ಯಾರ ನೋಡ್ರಿ! ನನ್ನ ಮದವಿ ದಿನಾನೂ ಹಾಕ್ಕೊಂಡಿರಲಿಲ್ಲ!" ಎಂದು ನಕ್ಕಳು. ಶೇವಂತೆವ್ವ ತೆರೆದ ಬಾಯಿಯನ್ನು ಹಾಗೇ ಮುಚ್ಚಿಕೊಂಡು ಬಂದಳು.

ಮೊದಲ ದಿನದ ಮ್ಯಾಟಿನಿ. ಓಣಿಯ ಹನ್ನೆರಡು ಮಂದಿ ಬಂದಿದ್ದರು. ಮಾಸ್ತರರು ಅವಳ ಪಕ್ಕದಲ್ಲೇ ಕುಳಿತರು, ಶೇರವಾನಿಯ ಗುಂಡಿಯನ್ನು ಕುತ್ತಿಗೆಯವರೆಗೂ ಹಾಕಿಕೊಂಡು, ಕೋಲನ್ನು ಮುಂದೆ ನಿಲ್ಲಿಸಿಕೊಂಡು.

ಸಿನಿಮಾ ಶುರುವಾಗಿ ಇಪ್ಪತ್ತು ನಿಮಿಷಕ್ಕೆ ತೆರೆಯ ತುಂಬ ಅವಳ ಮುಖ ಬಂತು. ಹಿಂದಿನ ಸಾಲಿನಿಂದ ಮುದಕವ್ವ ಸಿಳ್ಳೆ ಹೊಡೆದಳು. ಅರವತ್ತರ ಹೆಂಗಸಿಗೆ ಅಂಥ ಸಿಳ್ಳೆ ಬರುತ್ತದೆಂದು ಯಾರಿಗೂ ಗೊತ್ತಿರಲಿಲ್ಲ. ತೆರೆಯ ಮೇಲಿನ ಬಾಯಿ ತೆರೆಯಿತು, ಬೆಣ್ಣೆಯಂಥ ದನಿ ನೆರೆಮನೆಯವರನ್ನು ಕರೆಯಿತು.

ಮಾಸ್ತರರು ತಲೆ ಓರೆ ಮಾಡಿದರು. "ಇಕಿ ಯಾರು?"

ಶೇವಂತೆವ್ವ ತೆರೆಯ ಕಡೆಗೇ ನೋಡಿದಳು.

"ನೀ ಇನ್ನೂ ಬಂದಿಲ್ಲೇನ?"

ತೆರೆಯ ಮೇಲೆ ಅವಳು ನಗುತ್ತಿದ್ದಳು, ಒಂದೊಂದು ಹಲ್ಲೂ ಬಾಗಿಲಷ್ಟು ದೊಡ್ಡದಾಗಿ.

"ಇನ್ನೂ ಇಲ್ರಿ ಮಾಸ್ತರ," ಎಂದಳು.

ಇನ್ನೂ ಎರಡು ಸಲ ಆ ತಾಯಿ ಬಂದು ಹೋದಳು. ಎರಡು ಸಲವೂ ಮಾಸ್ತರರು ಕಾಯುವವರು ಕೂರುವಂತೆ ಬೆನ್ನು ನೆಟ್ಟಗಿಟ್ಟು ಕೂತಿದ್ದರು. ಇಂಟರ್‌ವಲ್‌ನಲ್ಲಿ ಶೇಂಗಾ ಕೊಟ್ಟರೆ ಬೇಡವೆಂದರು. ದೀಪ ಮತ್ತೆ ಆರಿದಾಗ ಶೇವಂತೆವ್ವನಿಗೆ ಎದ್ದು ಹೊರಗೆ ಹೋಗಿಬಿಡೋಣ ಅನ್ನಿಸಿತು. ಆದರೆ ಅವರ ಕೈ ಹಿಡಿದು ಕರೆತಂದವಳೂ ಅವಳೇ.

ಆ ದೃಶ್ಯ ಬಂತು. ಬಾಗಿಲಲ್ಲಿ ಮಗ ನಿಂತ. ಮಾತಿಗಿಂತ ಮೊದಲು ಕೈ ಕೇಳಿಸಿತು. ಮೂರು ಏಟು, ಆಮೇಲೆ ಒಂದು, ತಿರುವು.

ಕೋಲಿನ ಮೇಲಿದ್ದ ಮಾಸ್ತರರ ಬೆರಳು ಎದ್ದಿತು. ಗಾಳಿಯಲ್ಲೇ ಸ್ವಲ್ಪ ನಿಂತಿತು. ಆಮೇಲೆ ಕೋಲಿನ ಹಿಡಿಯ ಮೇಲೆ ಮೆಲ್ಲಗೆ ಬೀಳತೊಡಗಿತು. ಮೂರು, ಆಮೇಲೆ ಒಂದು. ನಾಲ್ಕನೆಯದು ಪ್ರತಿ ಸಲವೂ ಅವರ ಬೆರಳಿಗಿಂತ ಕೂದಲೆಳೆಯಷ್ಟು ಮೊದಲೇ ಬೀಳುತ್ತಿತ್ತು.

"ಈಗ ಬಂದಿ," ಎಂದರು.

ಶೇವಂತೆವ್ವ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ತೆರೆಯ ಮೇಲೆ ಸೌಂದರ್ಯಾಳ ದನಿ ಆಕಳಿನ ಮಾತಿಗೆ ಬಂದಿತ್ತು. ಟಾಕೀಜು ಉಸಿರು ಹಿಡಿದು ಕೂತಿತ್ತು.

"ನೀ ಯಾಕ ಮಾತಾಡವಲ್ಲಿ? ಮಾತಾಡಾಕಿ ಬ್ಯಾರೇದಾಕಿ ಅದಾಳಲ್ಲ."

"ನನಗ ಮಾತ ಕೊಡಲಿಲ್ರಿ ಮಾಸ್ತರ." ದನಿ ಸಣ್ಣಗೆ, ಅವರ ಕಿವಿಗಷ್ಟೇ ಬಂತು. "ದನಿ ಗಡಸ ಆತಂತ."

ಮಾಸ್ತರರು ದೃಶ್ಯ ಮುಗಿಯುವವರೆಗೂ ಬೆರಳು ಬಿಡದೆ ಆಡಿಸಿದರು. ಕೊನೆಯ ಏಟು ಬಿದ್ದಾಗ ಹೇಳಿದರು, "ನಾಕನೇದ್ದಕ್ಕ ಇನ್ನೂ ಓಡ್ತಿ."

ಹೊರಗೆ ಬಿಸಿಲು ಕಣ್ಣು ಕುಕ್ಕುತ್ತಿತ್ತು. ಓಣಿಯವರು ಅವಳನ್ನು ಸುತ್ತುವರಿದರು. ಮುದಕವ್ವ ಅವಳ ಗಲ್ಲ ಹಿಡಿದು ಅಲುಗಿಸಿದಳು. "ಏನ್ ದನಿ ತಗದೀಯವಾ ಯವ್ವಾ! ಜೇನಿನಂಥಾ ದನಿ! ಅದೂ ನಮ್ಮ ಮಾತಿನ್ಯಾಗ! ಮನ್ಯಾಗ ಮಾತ್ರ ಹಿಂಗ್ಯಾಕ ಗೊಗ್ಗರ ಗೊಗ್ಗರ ಮಾತಾಡ್ತಿ? ಆ ದನಿ ಎಲ್ಲಿ ಮುಚ್ಚಿಟ್ಟಿರ್ತಿ?"

"ಖರೇರಿ, ಮೊದಲನೇ ಸಲ ಸಿನಿಮಾದಾಗ ನಿಮ್ಮದ ದನಿ ಬಂತಲ್ರಿ ಅಕ್ಕಾ," ಎಂದಳು ಶಾಹೀನ.

ಶೇವಂತೆವ್ವ ಮಾಸ್ತರರ ಕಡೆ ನೋಡಿದಳು. ಅವರು ಎಲ್ಲವನ್ನೂ ಕೇಳಿಸಿಕೊಳ್ಳುತ್ತ ಕೋಲೂರಿ ನಿಂತಿದ್ದರು. ಒಂದು ಮಾತು ಅವರು ಆಡಿದ್ದರೆ ಸಾಕಿತ್ತು. ಆಡಲಿಲ್ಲ. ಅವಳೂ ಆಡಲಿಲ್ಲ. "ನಡೀರಿ, ಆಟೋ ಬಂತು," ಎಂದಷ್ಟೇ ಹೇಳಿದಳು.

ಆಟೋದಲ್ಲಿ ಇಬ್ಬರೇ ಕುಳಿತರು. ಓಣಿಯ ತಿರುವಿನಲ್ಲಿ ಮಾಸ್ತರರು ಅವಳ ಕೈಯನ್ನು ಹುಡುಕಿ ಹಿಡಿದು, ಅಂಗೈಯನ್ನು ಹೆಬ್ಬೆರಳಿನಿಂದ ಒಮ್ಮೆ ಒತ್ತಿ ನೋಡಿದರು. ಹಿಟ್ಟು ಹದವಾಗಿದೆಯೋ ಎಂದು ನೋಡುವ ಹಾಗೆ. "ಇನ್ನೊಂದ ಸಲ ಟಾಕೀಜಿಗೆ ನನ್ನ ಕರೀಬ್ಯಾಡ ಶೇವಂತಿ," ಎಂದರು. "ನನಗ ಕಾಯೂದ ಆಗೂದಿಲ್ಲ." ಹಿಂದಿನ ಆಟೋದಿಂದ ಇಳಿದ ಶಾಹೀನ ಬಂದು ಅವರನ್ನು ಇಳಿಸಿಕೊಂಡಳು.

ಮಹಡಿಯ ಕೋಣೆಯಲ್ಲಿ ಇನ್ನೂ ಬೆಳಕಿತ್ತು. ಅವಳು ಸೀರೆ ಬದಲಿಸಿ, ಒಬ್ಬಳಿಗೆ ಆಗುವಷ್ಟು ಹಿಟ್ಟು ತೆಗೆದು ನಾದಿದಳು. ಗ್ಯಾಸಿನ ಮೇಲೆ ಹಂಚು ಇಟ್ಟಳು. ಬಳೆ ತೆಗೆಯಲಿಲ್ಲ. ಮೂರು ಏಟು, ಆಮೇಲೆ ಒಂದು. ಬೇಕೆಂದೇ ನಾಲ್ಕನೆಯದನ್ನು ತಡೆದು ನೋಡಿದಳು, ಕೈ ಕೇಳಲಿಲ್ಲ. ಮತ್ತೆ ತಡೆದಳು. ಆಗಲೂ ಕೇಳಲಿಲ್ಲ. ಬಿಟ್ಟುಬಿಟ್ಟಳು.

ಆಗ ಗಂಟಲಿನಲ್ಲಿದ್ದ ಮಾತು ತಾನಾಗಿಯೇ ಎದ್ದು ಬಂತು. "ಆರ ವರ್ಷ ಆತು," ಎಂದಳು. ಮೊದಲು ಮೆಲ್ಲಗೆ. "ದಿನಾ ಎರಡ ರೊಟ್ಟಿ ಹೆಚ್ಚಿಗಿ ಬಡದೇನಿ." ಆಮೇಲೆ ದನಿ ಹಳೆಯ ದಾರಿ ಹಿಡಿಯಿತು. ಗಡಸಾಗಿ, ಅಂಚಿನಲ್ಲಿ ಒಡೆಯುತ್ತ, ಗೋಡೆಗೆ ತಾಗಿ, ಕಿಟಕಿಯಾಚೆ ಇಲ್ಲದ ಬೆಂಚಿನ ತುದಿಯವರೆಗೂ ಹೋಯಿತು. ಆಕಳಿನ ಮಾತು, ಕುಂದ್ರು, ತಿನ್ನು, ಎಲ್ಲವನ್ನೂ ಹೇಳಿದಳು. ಮುಗಿದ ಮೇಲೆ ಕೈ ಮೇಲೆತ್ತಿ ಸ್ವಲ್ಪ ತಡೆದಳು. ಕಂಪನಿಯಲ್ಲಾದರೆ ಮಾತು ನಿಂತ ಆ ಜಾಗದಲ್ಲಿ ಪೇಟಿಯ ಒಂದು ಸ್ವರ ಬಂದು ಕೂರುತ್ತಿತ್ತು.

ಬರಲಿಲ್ಲ. ಹಂಚು ಹೊಗೆಯಾಡಿತು.

ಎದುರುಮನೆಯ ಕಿಟಕಿ ತೆರೆಯಿತು. "ಯಾರವಾ ಅದು?" ಮುದಕವ್ವನ ದನಿ. "ಯಾರ ಮನ್ಯಾಗ ಜಗಳಾ ಹತ್ತೇತಿ?"

ಶೇವಂತೆವ್ವ ರೊಟ್ಟಿಯನ್ನು ಎರಡೂ ಕೈಯಿಂದ ಎತ್ತಿ ಹಂಚಿಗೆ ಹಾಕಿದಳು.

"ನಾನ, ಮುದಕವ್ವಾ," ಎಂದಳು. "ರೊಟ್ಟಿ ಬಡ್ಯಾಕತ್ತೇನಿ."